ಒದರದವನ ಪಾಳಿ

ನಿನ್ನ ಕೆಲಸ ಏನು ಅಂತ ಅವ್ವ ಆಗಾಗ ಕೇಳುತ್ತಾಳೆ. ಒಂದು ಸಲ ಹೀಗೆ ಹೇಳಿದ್ದೆ: “ಕಂಪ್ಯೂಟರ್ ಕೆಟ್ಟೈತಿ ಅಂತ ಮಂದಿ ಫೋನ್ ಮಾಡ್ತಾರವ್ವಾ. ಯಾರದನ್ನ ಮೊದಲ ರಿಪೇರಿ ಮಾಡಬೇಕು ಅಂತ ನಾ ನೋಡ್ತೀನಿ.”

“ಯಾರದು ಮೊದಲ ಮಾಡ್ತಿ?”

“ಯಾರು ಜೋರ ಒದರ್ತಾರ ಅವರದು.”

ಅವ್ವ ನಕ್ಕಳು. ನಾನೂ ನಕ್ಕೆ. ಆಮೇಲೆ ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಯಾಕೆ ಅನ್ನೋದನ್ನ ಹೇಳೋಕೆ ಈ ಬರಹ.

ಸಪೋರ್ಟ್ ಪ್ರಾಜೆಕ್ಟಿನಲ್ಲಿ ಕೆಲಸ ಮಾಡಿದವರಿಗೆ ನನ್ನ ಮಾತು ತಮಾಷೆ ಅನ್ನಿಸಲಿಕ್ಕಿಲ್ಲ. ಸಬ್ಜೆಕ್ಟ್ ಲೈನಿನಲ್ಲಿ ಮೂರು ಆಶ್ಚರ್ಯಸೂಚಕ ಚಿಹ್ನೆ, ಸಿಸಿಯಲ್ಲಿ ನಾಲ್ಕು ಮ್ಯಾನೇಜರು ಇದ್ದ ಮೇಲ್ ಬಂದರೆ ಉಳಿದದ್ದೆಲ್ಲ ಹಿಂದಕ್ಕೆ ಹೋಗುತ್ತೆ. ಆದರೆ ಒಂದೆರಡು ವರ್ಷ ಕೆಲಸ ಮಾಡಿದ ಮೇಲೆ ಎಲ್ಲರಿಗೂ ಒಂದು ಸತ್ಯ ಗೊತ್ತಾಗುತ್ತೆ. ಎರರ್ ಮೇಲೆ ಎರರ್ ಕಾರುತ್ತಿರೋ ಸರ್ವರ್ ಇನ್ನೂ ಜೀವಂತ ಇದೆ ಅಂತ ಅರ್ಥ. ಲಾಗ್ ಬರೆಯೋದೇ ನಿಂತುಹೋದ ಸರ್ವರ್ ಇರುತ್ತಲ್ಲ, ಮೊದಲು ಎದ್ದು ನೋಡಬೇಕಾದ್ದು ಅದನ್ನ. ಯಂತ್ರಗಳ ವಿಷಯದಲ್ಲಿ ನಾನು ಇದನ್ನ ಬೇಗ ಕಲಿತೆ. ಮನುಷ್ಯರ ವಿಷಯದಲ್ಲಿ ಕಲಿಯುವ ಹೊತ್ತಿಗೆ ಒಬ್ಬರು ಸತ್ತಿದ್ದರು.

2013ರ ಅಕ್ಟೋಬರ್. ಹಬ್ಬಕ್ಕೆ ಊರಿಗೆ ಹೋಗಿದ್ದೆ. ನಮ್ಮೂರು ಶಿರಹಟ್ಟಿ ಸೀಮೆಯದು. ಉಳ್ಳಾಗಡ್ಡಿ ಕಿತ್ತು ಚೀಲ ತುಂಬುವ ಕಾಲ. ಚಿಕ್ಕಪ್ಪನ ಹೊಲದ ಮಾಲು ಗದಗಿನ ಎಪಿಎಂಸಿಗೆ ಹೊರಟಿತ್ತು. ಟ್ರ್ಯಾಕ್ಟರ್ ಟ್ರೇಲರಿನಲ್ಲಿ ಚೀಲ, ಚೀಲದ ಮೇಲೆ ನಾಲ್ಕೈದು ಜನ. ಆ ನಾಲ್ಕೈದರಲ್ಲಿ ಚಿಕ್ಕಪ್ಪನ ಮಗ ಒಬ್ಬ, ಹತ್ತೊಂಬತ್ತರ ಹುಡುಗ. ಚೀಲ ಇಳಿಸಲು ಕೂಲಿಗೆ ಬಂದಿದ್ದ ಮುಂಡರಗಿ ಕಡೆಯ ಮನುಷ್ಯ ಇನ್ನೊಬ್ಬ. ಚಿಕ್ಕಪ್ಪ ಮತ್ತು ನಾನು ಬೈಕಿನಲ್ಲಿ ಹಿಂದೆ ಇದ್ದೆವು. ಎದುರಿಗೆ ಬಂದ ಲಾರಿಗೆ ದಾರಿ ಬಿಡಲು ಹೋಗಿ ಟ್ರೇಲರಿನ ಒಂದು ಗಾಲಿ ರಸ್ತೆ ಬಿಟ್ಟು ಇಳಿಯಿತು. ಹಿಂದಿನ ವಾರದ ಮಳೆಗೆ ಎರೆಮಣ್ಣು ಇನ್ನೂ ಹಸಿ ಇತ್ತು. ಟ್ರೇಲರ್ ಮಗುಚಿಕೊಂಡಿತು.

ಮೊದಲು ಕೇಳಿದ್ದು ನನ್ನ ತಮ್ಮನ ದನಿ. ಮೊಣಕಾಲಿನ ಕೆಳಗೆ ಕಾಲು ಇರಬಾರದ ಕಡೆಗೆ ತಿರುಗಿತ್ತು. “ಯಪ್ಪಾ, ಕಾಲ ಹೋತೋ” ಅಂತ ಒದರುತ್ತಿದ್ದ. ನಾನು ಮತ್ತು ಚಿಕ್ಕಪ್ಪ ಅವನ ಹತ್ತಿರ ಓಡಿದೆವು. ಮಿಕ್ಕವರಿಗೆ ತರಚು ಗಾಯ. ಮುಂಡರಗಿ ಕಡೆಯ ಆ ಮನುಷ್ಯ ಚೀಲಗಳ ನಡುವಿನಿಂದ ತಾನೇ ಎದ್ದ, ಧೋತರದ ಮಣ್ಣು ಕೊಡವಿಕೊಂಡ, ನಡೆದುಕೊಂಡು ಹೋಗಿ ರಸ್ತೆ ಪಕ್ಕದ ಬೇವಿನ ಮರಕ್ಕೆ ಆತು ಕುಳಿತ. ವಯಸ್ಸು ನಲವತ್ತರ ಆಸುಪಾಸು. “ಏನಾರ ಆತೇನ್ರಿ?” ಅಂತ ಯಾರೋ ಕೇಳಿದರು. “ಇಲ್ಲ, ಆರಾಮ ಅದೀನಿ” ಅಂದ.

ನಾನು 108ಕ್ಕೆ ಫೋನ್ ಮಾಡಿದೆ.

ಗಾಡಿ ಬರೋಕೆ ಮುಕ್ಕಾಲು ಗಂಟೆ ಹಿಡಿಯಿತು. ಈಗ ಲೆಕ್ಕ ಹಾಕಿದರೆ ಅದು ಹೆಚ್ಚಲ್ಲ, ಆಗ ಯುಗದಂತೆ ಇತ್ತು. ಅಷ್ಟೂ ಹೊತ್ತು ನಾನು ತಮ್ಮನ ತಲೆ ತೊಡೆಯ ಮೇಲೆ ಇಟ್ಟುಕೊಂಡಿದ್ದೆ. ನಡುವೆ ಮರದ ಕೆಳಗಿನವನು ನೀರು ಕೇಳಿದ. ಬಾಟಲಿ ಕೊಟ್ಟೆ. ಸ್ವಲ್ಪ ಹೊತ್ತಿಗೆ ಮತ್ತೆ ಕೇಳಿದ. “ಈಗಷ್ಟ ಕುಡದ್ಯಲ್ಲಪಾ” ಅಂದೆ. ಅವನು ಏನೂ ಅನ್ನಲಿಲ್ಲ. ಹಣೆಯ ಮೇಲೆ ಬೆವರು ಇತ್ತು, ಬಿಸಿಲಿಗೆ ಅಂದುಕೊಂಡೆ. ಎರಡು ಸಲ ಆಕಳಿಸಿದ, ದಣಿದಿದ್ದಾನೆ ಅಂದುಕೊಂಡೆ. ಆಮೇಲೆ ಅವನ ಕಡೆ ನೋಡಲಿಲ್ಲ.

ಆಂಬುಲೆನ್ಸ್ ಬಂತು. ಇಳಿದ ಇಎಂಟಿ ನನಗಿಂತ ಚಿಕ್ಕ ಹುಡುಗ, ಮಾತಿನಲ್ಲಿ ನಮ್ಮ ಕಡೆಯವನೇ. ಇಳಿದವನು ನಿಂತು ಒಂದು ಸುತ್ತು ಕಣ್ಣು ಹಾಯಿಸಿದ. ಒದರುತ್ತಿದ್ದ ನನ್ನ ತಮ್ಮನನ್ನ ದಾಟಿಕೊಂಡು ಬೇವಿನ ಮರದ ಹತ್ತಿರ ಹೋಗಿ ಮೊಣಕಾಲೂರಿದ. ಮಣಿಕಟ್ಟಿನ ಮೇಲೆ ಎರಡು ಬೆರಳಿಟ್ಟ. ಉಗುರು ಒತ್ತಿ ಬಿಟ್ಟ. ಕಣ್ಣಿನ ಕೆಳರೆಪ್ಪೆ ಎಳೆದು ನೋಡಿದ. ಹೊಟ್ಟೆಯ ಎಡಭಾಗದಲ್ಲಿ ಕೈ ಇಟ್ಟಾಗ ಆ ಮನುಷ್ಯ ಮುಖ ಕಿವಿಚಿದ. ಇಷ್ಟಕ್ಕೆ ಅರ್ಧ ನಿಮಿಷವೂ ಆಗಿರಲಿಕ್ಕಿಲ್ಲ. ಹುಡುಗ ಗಾಡಿಯ ಪೈಲಟ್‌ಗೆ ಕೂಗಿದ: “ಸ್ಟ್ರೆಚರ್ ಈ ಕಡೆ.”

ಸ್ಟ್ರೆಚರ್ ಇದ್ದದ್ದು ಒಂದೇ. ತಮ್ಮನ ಕಾಲಿಗೆ ಪಟ್ಟಿ ಕಟ್ಟಿ ಪಕ್ಕದ ಸೀಟಿನ ಮೇಲೆ ಮಲಗಿಸುತ್ತೇನೆ ಅಂದ. ಚಿಕ್ಕಪ್ಪ ಸಿಟ್ಟಿಗೆದ್ದರು. ಅವರಿಗಿಂತ ಹೆಚ್ಚು ಸಿಟ್ಟಿಗೆದ್ದವನು ನಾನು. ಬಿ.ಇ. ಮುಗಿಸಿ ಬೆಂಗಳೂರಿನಲ್ಲಿ ಕೆಲಸಕ್ಕೆ ಸೇರಿದವನು, ವ್ಯವಸ್ಥೆಯನ್ನ ಪ್ರಶ್ನೆ ಮಾಡೋದು ಗೊತ್ತಿದ್ದವನು. ಗಾಡಿಯ ಹಿಂಬಾಗಿಲಿಗೆ ಅಡ್ಡ ಕೈಯಿಟ್ಟು ನಿಂತೆ. “ನಮ್ಮ ಹುಡುಗ ಹಿಂಗ ಒದರಾಕ ಹತ್ಯಾನ, ನಿನಗ ಕಾಣಂಗಿಲ್ಲೇನು? ಅವ ಆರಾಮ ಕುಂತಾನ. ಫೋನ್ ಮಾಡಿ ಕರಸಿದಾಂವ ನಾನು.”

ಆ ಹುಡುಗ ದನಿ ಏರಿಸಲಿಲ್ಲ. “ಅಣ್ಣಾರ, ಒದರಾಕ ಉಸಿರು ಬೇಕಲ್ರಿ. ಇವರಿಗೆ ಅದೂ ಸಾಲವಲ್ದು.”

ನಾನು ತಕ್ಷಣ ಕೈ ತೆಗೆಯಲಿಲ್ಲ. ಮಾತು ಬೆಳೆಯಿತು. ಐದು ನಿಮಿಷ, ಆರು ನಿಮಿಷ. ಕೊನೆಗೆ ಉಳಿದವರು ನನ್ನನ್ನ ಪಕ್ಕಕ್ಕೆ ಎಳೆದರು.

ಆ ಮನುಷ್ಯ ಗದಗಿನವರೆಗೆ ಉಳಿದಿದ್ದ. ಅಲ್ಲಿಂದ ಹುಬ್ಬಳ್ಳಿಗೆ ಕಳಿಸಿದರು, ದಾರಿಯಲ್ಲಿ ಹೋದ. ಗುಲ್ಮ ಒಡೆದಿತ್ತು, ಹೊಟ್ಟೆಯೊಳಗೆ ರಕ್ತ ತುಂಬಿತ್ತು ಅಂತ ಆಮೇಲೆ ಗೊತ್ತಾಯಿತು. ತಮ್ಮ ಮೂರು ತಿಂಗಳಿಗೆ ಎದ್ದು ಓಡಾಡಿದ. ಈಗ ಅವನಿಗೆ ಮದುವೆಯಾಗಿ ಮಗಳಿದ್ದಾಳೆ.

ಇದಾದ ಮೇಲೆ ನಾನೇನೂ ಬದಲಾಗಲಿಲ್ಲ. ನಿಜ ಹೇಳಬೇಕೆಂದರೆ, ಮರೆಯೋಕೆ ಬೇಕಾದ ವಾದ ನನ್ನ ಹತ್ತಿರ ಸಿದ್ಧ ಇತ್ತು. ನಾನು ಡಾಕ್ಟರಲ್ಲ. ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲದೆ ಮಾಡಿದ್ದು ಪಾಪ ಅಲ್ಲ. ನಮ್ಮೂರಿನಲ್ಲಿ ಯಾರನ್ನ ಕೇಳಿದರೂ ಇದನ್ನೇ ಹೇಳುತ್ತಿದ್ದರು. ಮೇಲಾಗಿ ನಾನು ಕೆಟ್ಟ ಮನಸ್ಸಿನಿಂದ ಏನೂ ಮಾಡಿರಲಿಲ್ಲ. ನೀರು ಕೊಟ್ಟಿದ್ದೆ, ಫೋನ್ ಮಾಡಿದ್ದೆ, ಹೊಲ ಮನೆ ಬಿಟ್ಟು ಗದಗಿನವರೆಗೆ ಹೋಗಿದ್ದೆ.

2017ರ ಫೆಬ್ರುವರಿಯಲ್ಲಿ ಕೊಪ್ಪಳದಲ್ಲಿ ಸೈಕಲ್ ಮೇಲೆ ಹೋಗುತ್ತಿದ್ದ ಹದಿನೆಂಟರ ಹುಡುಗನಿಗೆ ಬಸ್ ಬಡಿಯಿತು. ಅವನು ರಕ್ತದಲ್ಲಿ ಬಿದ್ದು ಸಹಾಯ ಕೇಳುತ್ತಿದ್ದರೆ ಸುತ್ತ ನಿಂತವರು ಮೊಬೈಲಿನಲ್ಲಿ ಚಿತ್ರ ಹಿಡಿಯುತ್ತಿದ್ದರು. ಆ ವಿಡಿಯೊ ದೇಶವೆಲ್ಲ ಸುತ್ತಿತು. ನಮ್ಮ ಆಫೀಸಿನ ಕೆಫೆಟೇರಿಯಾದಲ್ಲಿ ಎಲ್ಲರೂ ಆ ಜನರನ್ನ ಬೈದರು. ಮನುಷ್ಯತ್ವ ಸತ್ತಿದೆ ಅಂದರು. ಕೊಪ್ಪಳ ಗದಗಿನ ಪಕ್ಕದ ಜಿಲ್ಲೆ. “ನಿಮ್ ಕಡೆಯವರು ಹೀಗಾ?” ಅಂತ ಒಬ್ಬ ಕೇಳಿದ. ನನಗೆ ಬೈಯೋಕೆ ಬಾಯಿ ಬರಲಿಲ್ಲ. ಅವರು ಏನೂ ಮಾಡದೆ ನಿಂತರು. ನಾನು ಮಾಡುವವನಿಗೇ ಅಡ್ಡ ನಿಂತಿದ್ದೆ. ಯಾವುದು ಹೆಚ್ಚಿನ ತಪ್ಪು?

ಅದೇ ವರ್ಷ ಎರಡು ದಿನದ ಒಂದು ತರಬೇತಿಗೆ ಸೇರಿದೆ. ತುರ್ತು ಚಿಕಿತ್ಸೆಯಲ್ಲಿ ಮೊದಲ ಕೆಲವು ನಿಮಿಷ ಏನು ನೋಡಬೇಕು, ಏನು ಮಾಡಬೇಕು, ಮುಖ್ಯವಾಗಿ ಏನು ಮಾಡಬಾರದು ಅಂತ ಸಾಮಾನ್ಯ ಜನರಿಗೆ ಹೇಳಿಕೊಡುವಂಥದ್ದು. ಪಾಠ ಮಾಡಿದ ಡಾಕ್ಟರಮ್ಮ ಮೊದಲ ದಿನ ಬ್ಯಾಂಡೇಜು, ಮದ್ದು ಏನನ್ನೂ ಮುಟ್ಟಿಸಲಿಲ್ಲ. ಬೆಳಗ್ಗೆಯೆಲ್ಲ ನೋಡೋದನ್ನ ಕಲಿಸಿದರು.

ನೋಡೋದಕ್ಕೂ ಒಂದು ಕ್ರಮ ಇದೆ. ಮೊದಲು ಜಾಗ ಸುರಕ್ಷಿತವಾ ಅಂತ ನೋಡು, ನೀನೇ ಇನ್ನೊಬ್ಬ ರೋಗಿಯಾಗಬೇಡ. ಆಮೇಲೆ ಉಸಿರಿನ ದಾರಿ ತೆರೆದಿದೆಯಾ. ಉಸಿರಾಟ ಹೇಗಿದೆ. ರಕ್ತ ಹರಿಯುತ್ತಿದೆಯಾ, ನಾಡಿ ಹೇಗಿದೆ, ಚರ್ಮ ತಣ್ಣಗಿದೆಯಾ. ಪ್ರಜ್ಞೆ ಎಷ್ಟಿದೆ. ಕೊನೆಗೆ ಬಟ್ಟೆ ಸರಿಸಿ ಮರೆಯಾದ ಗಾಯ ಇದೆಯಾ. ಇಂಗ್ಲಿಷಿನ ಎ, ಬಿ, ಸಿ, ಡಿ, ಇ ಅಕ್ಷರಗಳಿಗೆ ಈ ಐದನ್ನ ಹೊಂದಿಸಿದ್ದಾರೆ. ಯಾವುದು ಬೇಗ ಕೊಲ್ಲುತ್ತದೋ ಅದು ಮೊದಲು, ಇಷ್ಟೇ ಅದರ ತರ್ಕ. ಮುರಿದ ಕಾಲು ನೋಡೋಕೆ ಭಯಂಕರ, ಆದರೆ ಆ ಪಟ್ಟಿಯಲ್ಲಿ ಅದರ ಜಾಗ ಬಹಳ ಕೆಳಗೆ.

ಈ ಕ್ರಮ ಹುಟ್ಟಿದ ಕತೆಯನ್ನೂ ಅವರು ಹೇಳಿದರು. 1976ರ ಫೆಬ್ರುವರಿಯಲ್ಲಿ ಜೇಮ್ಸ್ ಸ್ಟೈನರ್ ಎಂಬ ಅಮೆರಿಕದ ಮೂಳೆ ಡಾಕ್ಟರು ಹೆಂಡತಿ ಮಕ್ಕಳ ಜೊತೆ ತಾನೇ ಸಣ್ಣ ವಿಮಾನ ಹಾರಿಸಿಕೊಂಡು ಹೋಗುವಾಗ ಅದು ನೆಬ್ರಾಸ್ಕದ ಹೊಲವೊಂದರಲ್ಲಿ ಬಿತ್ತು. ಹೆಂಡತಿ ಸ್ಥಳದಲ್ಲೇ ಹೋದರು. ಗಾಯಗೊಂಡ ಮಕ್ಕಳನ್ನ ಹತ್ತಿರದ ಹಳ್ಳಿ ಕಡೆಯ ಆಸ್ಪತ್ರೆಗೆ ಸೇರಿಸಿದರೆ, ಅಲ್ಲಿಯವರಿಗೆ ಇಂಥ ಪೆಟ್ಟುಗಳನ್ನ ಯಾವುದರಿಂದ ಶುರು ಮಾಡಿ ನೋಡಬೇಕು ಅನ್ನೋದೇ ಗೊತ್ತಿರಲಿಲ್ಲ. ಹೊಲದಲ್ಲಿ ಬರಿಗೈಲಿ ತಾನು ಮಾಡಿದ್ದೇ ಆಸ್ಪತ್ರೆಯಲ್ಲಿ ಆದದ್ದಕ್ಕಿಂತ ಮೇಲಾಗಿತ್ತು ಅಂತ ಸ್ಟೈನರ್‌ಗೆ ಅನ್ನಿಸಿತು. ಅವರು ಸಿಟ್ಟಿನಲ್ಲಿ ಅಷ್ಟಕ್ಕೇ ನಿಲ್ಲಲಿಲ್ಲ. ಜೊತೆಯವರನ್ನ ಸೇರಿಸಿ ಒಂದು ಪಾಠಕ್ರಮ ಕಟ್ಟಿದರು, 1978ರಲ್ಲಿ ಅದರ ಮೊದಲ ತರಗತಿ ನಡೆಯಿತು. ಇವತ್ತು ಲೋಕದ ಬಹುಪಾಲು ಕಡೆ ಅಪಘಾತದ ರೋಗಿಯನ್ನ ನೋಡುವ ಡಾಕ್ಟರು ಆ ಕ್ರಮದಲ್ಲೇ ನೋಡುತ್ತಾರೆ.

ನನಗೆ ಆ ಕತೆ ಎಲ್ಲೋ ದೂರದ್ದು ಅನ್ನಿಸಲಿಲ್ಲ. ಹೊಲದ ನಡುವೆ ಆದ ಅಪಘಾತ, ದೂರದ ಆಸ್ಪತ್ರೆ. ನಮ್ಮ ಲಕ್ಷ್ಮೇಶ್ವರ, ಮುಂಡರಗಿಗಳಿಂದ ಗದಗಿಗೆ 40 ಕಿಲೋಮೀಟರಿನ ಆಸುಪಾಸು. ಗದಗಿನಿಂದ ಹುಬ್ಬಳ್ಳಿಯ ಕಿಮ್ಸ್‌ಗೆ ಇನ್ನೂ 60ರ ಹತ್ತಿರ. ಬೆಟಗೇರಿಯಲ್ಲಿ ಬಾಸೆಲ್ ಮಿಷನ್ನಿನವರು ಕಟ್ಟಿದ ಹಳೆಯ ಆಸ್ಪತ್ರೆ ಇತ್ತು, ಜಿಲ್ಲಾ ಆಸ್ಪತ್ರೆ ಇತ್ತು, ಆದರೂ ಕೈಮೀರಿದ್ದನ್ನೆಲ್ಲ “ಹುಬ್ಬಳ್ಳಿಗೆ ಒಯ್ಯಿರಿ” ಅನ್ನೋದೇ ನಾವು ಕೇಳಿ ಬೆಳೆದ ಮಾತು. ಈಗ ಗದಗಿಗೆ ಜಿಮ್ಸ್ ಬಂದಿದೆ, ದೂರ ಸ್ವಲ್ಪ ಕಡಿಮೆಯಾಗಿದೆ. 2008ರ ನವೆಂಬರ್ 1ರಂದು ರಾಜ್ಯದಲ್ಲಿ 108ರ ಆರೋಗ್ಯ ಕವಚ ಶುರುವಾಗುವ ಮೊದಲು ಟಂಟಂ, ಟ್ರ್ಯಾಕ್ಟರುಗಳೇ ನಮ್ಮ ಆಂಬುಲೆನ್ಸು. ಎಷ್ಟೇ ಸುಧಾರಿಸಿದರೂ, ಗಾಡಿ ಬರುವ ತನಕ ರೋಗಿಯ ಹತ್ತಿರ ಇರೋದು ನಾವೇ. ಆ ಅರ್ಧ ಗಂಟೆ ನಮ್ಮ ಕೈಯಲ್ಲಿರುತ್ತೆ, ನಮಗೆ ಬೇಕಿರಲಿ ಬೇಡದಿರಲಿ.

ಮಧ್ಯಾಹ್ನದ ಪಾಠ, ಒಂದೇ ಕಡೆ ಬಹಳ ಜನ ಗಾಯಗೊಂಡಾಗ ಯಾರು ಮೊದಲು ಅನ್ನೋದು. ಇದಕ್ಕೆ ಟ್ರಯಾಜ್ ಅಂತಾರೆ, ವಿಂಗಡಿಸೋದು ಅಂತ ಅರ್ಥ. ನೆಪೋಲಿಯನ್ನನ ಸೈನ್ಯದ ಶಸ್ತ್ರವೈದ್ಯ ಡೊಮಿನಿಕ್ ಜೀನ್ ಲಾರೆ ಇದಕ್ಕೆ ಅಡಿಪಾಯ ಹಾಕಿದವನು. ಅವನ ನಿಯಮ ಆ ಕಾಲಕ್ಕೆ ದೊಡ್ಡ ಮಾತು. ಗಾಯ ಎಷ್ಟು ಗಂಭೀರ ಅಂತ ನೋಡು, ಗಾಯಗೊಂಡವನ ಪದವಿ ನೋಡಬೇಡ. ಜನರಲ್ ಆದರೂ ಸಿಪಾಯಿ ಆದರೂ ಅಷ್ಟೇ. 1983ರಲ್ಲಿ ಕ್ಯಾಲಿಫೋರ್ನಿಯಾದ ಒಂದು ಆಸ್ಪತ್ರೆ ಮತ್ತು ಅಗ್ನಿಶಾಮಕ ದಳ ಸೇರಿ ಸ್ಟಾರ್ಟ್ ಎಂಬ ಸರಳ ವಿಧಾನ ಮಾಡಿದರು. “ನಡೆಯೋಕೆ ಆಗುವವರು ಈ ಕಡೆ ಬನ್ನಿ” ಅಂತ ಮೊದಲು ಕೂಗಬೇಕು. ಬಂದವರಿಗೆ ಹಸಿರು ಚೀಟಿ. ಉಳಿದವರಲ್ಲಿ ಉಸಿರು ನಿಮಿಷಕ್ಕೆ 30ಕ್ಕಿಂತ ಹೆಚ್ಚಿದ್ದರೆ ಕೆಂಪು. ಉಗುರು ಒತ್ತಿ ಬಿಟ್ಟಾಗ ಬಣ್ಣ ಮರಳಲು 2 ಸೆಕೆಂಡಿಗಿಂತ ಹೆಚ್ಚು ಹಿಡಿದರೆ ಕೆಂಪು. ಹೇಳಿದ ಸರಳ ಮಾತನ್ನ ಪಾಲಿಸಲು ಆಗದಿದ್ದರೆ ಕೆಂಪು. ಈ ಮೂರೂ ಸರಿ ಇದ್ದರೆ ಹಳದಿ. ಉಸಿರಿನ ದಾರಿ ತೆರೆದ ಮೇಲೂ ಉಸಿರಾಡದಿದ್ದರೆ ಕಪ್ಪು.

“ಜಾಸ್ತಿ ಕೂಗುತ್ತಿರುವವರನ್ನ ದಾಟಿ ಹೋಗೋದನ್ನ ಕಲೀರಿ. ಕೂಗ್ತಿದಾರೆ ಅಂದ್ರೆ ಉಸಿರಿದೆ, ಪ್ರಜ್ಞೆ ಇದೆ. ಸುಮ್ಮನಿರುವವರ ಹತ್ತಿರ ಹೋಗಿ,” ಅಂದರು ಡಾಕ್ಟರಮ್ಮ. ನಾಲ್ಕು ವರ್ಷದ ಹಿಂದೆ ರಸ್ತೆ ಮೇಲೆ ನಾನು ಇದೇ ಮಾತು ಕೇಳಿದ್ದೆ. ಕೈ ಎತ್ತಿದೆ. ಎದ್ದು ನಡೆದು ಹೋಗಿ ಮರದ ಕೆಳಗೆ ಕೂತವನಿಗೆ ಈ ಲೆಕ್ಕದಲ್ಲಿ ಹಸಿರು ಚೀಟಿಯಲ್ಲವಾ ಅಂತ ಕೇಳಿದೆ. ಹೆಸರು, ಊರು ಹೇಳದೆ ಉಳಿದದ್ದೆಲ್ಲ ಹೇಳಿದೆ.

ಅವರು ಸ್ವಲ್ಪ ಹೊತ್ತು ನನ್ನನ್ನೇ ನೋಡಿದರು. “ಹೌದು, ಹಸಿರು. ಅದಕ್ಕೇ ಹಸಿರಿನವರನ್ನ ಮತ್ತೆ ಮತ್ತೆ ನೋಡಬೇಕು. ಚೀಟಿ ಹೇಳೋದು ಆ ಕ್ಷಣದ ಮಾತು.” ಆಮೇಲೆ ಬೋರ್ಡಿನ ಮೇಲೆ ಬರೆದು ವಿವರಿಸಿದರು. ಒಳಗೆ ರಕ್ತ ಸೋರುವಾಗ ದೇಹ ಮೊದಮೊದಲು ಜಗ್ಗೋದಿಲ್ಲ. ನಾಡಿಯ ವೇಗ ಹೆಚ್ಚಿಸುತ್ತೆ, ಚರ್ಮಕ್ಕೆ ಹೋಗುವ ರಕ್ತವನ್ನ ತಡೆದು ಹೃದಯ, ಮಿದುಳಿಗೆ ಕಳಿಸುತ್ತೆ. ಹಾಗಾಗಿ ಮೈ ತಣ್ಣಗಾಗುತ್ತೆ, ಬೆವರುತ್ತೆ, ಬಾಯಾರುತ್ತೆ. ಒಟ್ಟು ರಕ್ತದ ಸುಮಾರು 30 ಶೇಕಡಾ ಹೋಗುವ ತನಕ ಬಿಪಿ ಬೀಳದೇ ಇರಬಹುದು. ಆಮೇಲೆ ಒಮ್ಮೆಗೇ ಬೀಳುತ್ತೆ. ನೀರು ಕೊಡಬಾರದಿತ್ತು, ಆಪರೇಷನ್ನಿಗೆ ಹೊಟ್ಟೆ ಖಾಲಿ ಇರಬೇಕು ಅಂತ. ಆದರೆ ಅವರು ಹೋದದ್ದು ನೀರಿನಿಂದಲ್ಲ ಅಂದರು. ಮರಕ್ಕೆ ಆನಿಸಿ ಕೂರಿಸುವ ಬದಲು ಮಲಗಿಸಿ, ಮೈಗೆ ಹೊದಿಸಿ, ಐದೈದು ನಿಮಿಷಕ್ಕೆ ನಾಡಿ ನೋಡಿ, 108ಕ್ಕೆ ಎರಡನೇ ಸಲ ಫೋನ್ ಮಾಡಿ ‘ಇಬ್ಬರಿದ್ದಾರೆ, ಒಬ್ಬರು ಕೆಡುತ್ತಿದ್ದಾರೆ’ ಅಂತ ಹೇಳಬಹುದಿತ್ತು. ಇನ್ನೊಂದು ಗಾಡಿ ಬರುತ್ತಿತ್ತೇನೋ.

“ಆ ಆರು ನಿಮಿಷ?” ಅಂತ ಕೇಳಿದೆ.

“ಅದನ್ನ ಯಾರೂ ಹೇಳೋಕಾಗಲ್ಲ,” ಅಂದರು. ಸಮಾಧಾನ ಮಾಡಲಿಲ್ಲ. ಅದಕ್ಕೆ ನಾನು ಇವತ್ತಿಗೂ ಅವರಿಗೆ ಋಣಿ.

ಈಗ ನನ್ನ ಪ್ರಶ್ನೆಗೆ ಬರುತ್ತೇನೆ. ಒಳ್ಳೆಯ ಮನಸ್ಸು ಇದ್ದರೆ ಸಾಕಾ?

ನಾವು ಸಾಕು ಅಂದುಕೊಂಡೇ ಬೆಳೆದವರು. ಮನಸ್ಸು ಶುದ್ಧ ಇದ್ದರೆ ಆಯಿತು, ಉಳಿದದ್ದು ದೇವರ ಇಚ್ಛೆ. ಆದರೆ ನಮ್ಮ ಸೀಮೆಯಲ್ಲಿ ಒಳ್ಳೆಯ ಮನಸ್ಸಿನಿಂದ ನಡೆಯೋದನ್ನ ಒಮ್ಮೆ ಎಣಿಸಿ ನೋಡಿ. ಹಾವು ಕಡಿದವನ ಕಾಲಿಗೆ ರಕ್ತ ನಿಲ್ಲುವಷ್ಟು ಬಿಗಿಯಾಗಿ ಹಗ್ಗ ಕಟ್ಟುತ್ತೇವೆ, ಕಡಿದ ಜಾಗ ಕೊಯ್ಯುತ್ತೇವೆ, ಇಂಜೆಕ್ಷನ್ ಸಿಗುವ ಆಸ್ಪತ್ರೆ ಬಿಟ್ಟು ಮಂತ್ರ ಹಾಕುವವರ ಮನೆಗೆ ಒಯ್ಯುತ್ತೇವೆ. ಬೆಳೆಗೆ ಹೊಡೆಯುವ ಎಣ್ಣೆ ಕುಡಿದವರಿಗೆ ಉಪ್ಪುನೀರು ಕುಡಿಸಿ ವಾಂತಿ ಮಾಡಿಸುತ್ತೇವೆ, ಅದು ಶ್ವಾಸಕೋಶಕ್ಕೆ ಇಳಿಯುತ್ತೆ. ಬೈಕಿನಿಂದ ಬಿದ್ದವನನ್ನ ನಾಲ್ಕು ಜನ ಕೈಕಾಲು ಹಿಡಿದು ಎತ್ತುತ್ತೇವೆ, ಕತ್ತಿನ ಮೂಳೆಗೆ ಪೆಟ್ಟಾಗಿದ್ದರೆ ಆ ಎತ್ತುವಿಕೆಯಲ್ಲೇ ಅವನ ಕೈಕಾಲು ಜೀವಮಾನಕ್ಕೆ ಹೋಗಬಹುದು. ಮೂರ್ಛೆ ಹೋದವರ ಬಾಯಿಗೆ ನೀರು ಹಾಕುತ್ತೇವೆ. ಇಲ್ಲಿ ಯಾರ ಮನಸ್ಸಿನಲ್ಲೂ ಕೆಟ್ಟದ್ದಿಲ್ಲ. ಎಲ್ಲರೂ ಅಳುತ್ತಾ, ದೇವರನ್ನ ನೆನೆಯುತ್ತಾ, ಕೈಯಲ್ಲಿದ್ದ ಕೆಲಸ ಬಿಟ್ಟು ಓಡಿ ಬಂದವರೇ.

ಗೊತ್ತಿಲ್ಲದೆ ಮಾಡಿದ್ದು ತಪ್ಪಲ್ಲ ಅನ್ನೋದು ಅರ್ಧ ನಿಜ. ಗೊತ್ತಿಲ್ಲದಿರೋದರಲ್ಲೂ ಎರಡು ಬಗೆ ಇದೆ. ಗೊತ್ತಾಗೋಕೆ ದಾರಿಯೇ ಇರಲಿಲ್ಲ ಅನ್ನೋದು ಒಂದು. ದಾರಿ ಇತ್ತು, ನಾನು ಆ ಕಡೆ ನಡೆಯಲಿಲ್ಲ ಅನ್ನೋದು ಇನ್ನೊಂದು. ನಮ್ಮ ಅಜ್ಜನಿಗೆ ಇದ್ದದ್ದು ಮೊದಲನೆಯದು. ನನಗೆ ಇದ್ದದ್ದು ಎರಡನೆಯದು. ಹೊಸ ಪ್ರೋಗ್ರಾಮಿಂಗ್ ಭಾಷೆ ಕಲಿಯೋಕೆ ಪ್ರತಿ ವರ್ಷ ಎಷ್ಟು ವಾರಾಂತ್ಯ ಕೊಡುತ್ತಿದ್ದೆನೋ ಅದರಲ್ಲಿ ಒಂದೇ ಒಂದು ವಾರಾಂತ್ಯ ಇದಕ್ಕೆ ಸಾಕಿತ್ತು. ಬರೀ ಒಳ್ಳೆಯ ಮನಸ್ಸು ಒದರುವ ಕಡೆಗೆ, ರಕ್ತ ಕಾಣುವ ಕಡೆಗೆ, ನಮ್ಮವರಿರುವ ಕಡೆಗೆ ಓಡುತ್ತೆ. ನೋಡೋದನ್ನ ಕಲಿಸದೆ ಬಿಟ್ಟರೆ ಅದು ಬೇರೆ ಕಡೆ ತಿರುಗೋದೇ ಇಲ್ಲ. ಹಾಗಾಗಿ ಕಲಿಯೋದು ಒಳ್ಳೆಯತನದ ಮೇಲಿನ ಅಲಂಕಾರ ಅಲ್ಲ, ಅದರ ಅರ್ಧ ಭಾಗವೇ ಅದು.

ಇದನ್ನ ಗೆಳೆಯನೊಬ್ಬನ ಮುಂದೆ ಹೇಳಿದಾಗ ಅವನು ಒಪ್ಪಲಿಲ್ಲ. “ನಿನ್ನ ತಮ್ಮ ಅಳ್ತಾ ಬಿದ್ದಿದ್ದಾಗ ನೀನು ಅವನನ್ನ ದಾಟಿ ಅಪರಿಚಿತನ ಹತ್ರ ಹೋಗಿದ್ರೆ ನಿನ್ನನ್ನ ಮನುಷ್ಯ ಅಂತಿದ್ರಾ? ಬಣ್ಣದ ಚೀಟಿ ಅಂಟಿಸೋದು ಕರುಣೆ ಅಲ್ಲ, ಲೆಕ್ಕ,” ಅಂದ.

ಅವನ ಮಾತಿನಲ್ಲಿ ತೂಕ ಇದೆ. ಬಹಳ ದಿನ ಯೋಚಿಸಿದೆ. ತಮ್ಮನ ಹತ್ತಿರ ಓಡಿದ್ದು ತಪ್ಪು ಅಂತ ನನಗೆ ಇವತ್ತಿಗೂ ಅನ್ನಿಸೋದಿಲ್ಲ. ಅವನ ತಲೆ ತೊಡೆಯ ಮೇಲೆ ಇಟ್ಟುಕೊಂಡದ್ದೂ ತಪ್ಪಲ್ಲ. ಅಲ್ಲಿದ್ದ ಅಷ್ಟೂ ಜನ ಅವನೊಬ್ಬನ ಸುತ್ತ ನಿಂತು, ಆ ಇನ್ನೊಬ್ಬನ ಸುತ್ತ ಒಬ್ಬರೂ ಇಲ್ಲದೇ ಹೋದದ್ದು ತಪ್ಪು. ನಾನು ಬಾಗಿಲಿಗೆ ಅಡ್ಡ ಕೈ ಇಟ್ಟದ್ದು ಅದಕ್ಕಿಂತ ದೊಡ್ಡ ತಪ್ಪು. ನಮ್ಮವರನ್ನ ಪ್ರೀತಿಸೋದಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ. ಆ ಪ್ರೀತಿಯ ಹೆಸರಿನಲ್ಲಿ ಇನ್ನೊಬ್ಬನ ಪಾಳಿಯನ್ನ ಕಸಿದುಕೊಳ್ಳುವ ಹಕ್ಕು ಮಾತ್ರ ನಮಗಿಲ್ಲ. “ಫೋನ್ ಮಾಡಿದವನು ನಾನು” ಅಂದಿದ್ದೆನಲ್ಲ, ಆ ಮಾತು ನನ್ನನ್ನ ಈಗಲೂ ನಾಚಿಸುತ್ತೆ. ಆಂಬುಲೆನ್ಸನ್ನ ನಾನು ಆರ್ಡರ್ ಮಾಡಿದ ಕ್ಯಾಬ್ ಅಂದುಕೊಂಡಿದ್ದೆ.

ಅಲ್ಲಿ ಆ ಕೂಲಿಯವನಿಗೆ ಅಪ್ಪ ಇರಲಿಲ್ಲ, ಅಣ್ಣ ಇರಲಿಲ್ಲ, ಅವನ ಪರವಾಗಿ ಒದರುವವರು ಯಾರೂ ಇರಲಿಲ್ಲ. ಇದ್ದದ್ದು ಆ ಇಎಂಟಿ ಒಬ್ಬನೇ. ಅವನೂ ಸಂಬಂಧಿಕನಲ್ಲ, ಅವನ ಹತ್ತಿರ ಇದ್ದದ್ದು ಒಂದು ಕ್ರಮ ಮಾತ್ರ. ಗೆಳೆಯ ಲೆಕ್ಕ ಅಂದನಲ್ಲ, ಆ ಲೆಕ್ಕ ಇದ್ದದ್ದರಿಂದಲೇ ಯಾರೂ ಇಲ್ಲದವನಿಗೆ ಒಬ್ಬ ಸಿಕ್ಕ. ಯಾರನ್ನೂ ಹೊರಗಿನವರಂತೆ ಕಾಣಬೇಡಿ ಅನ್ನುವ ಬಸವಣ್ಣನವರ ವಚನವನ್ನ ನಾವೆಲ್ಲ ಶಾಲೆಯಲ್ಲಿ ಬಾಯಿಪಾಠ ಮಾಡಿದವರು. ಹಿಂದೂ ಮುಸ್ಲಿಂ ಇಬ್ಬರೂ ನಡೆದುಕೊಳ್ಳುವ ಫಕೀರೇಶ್ವರ ಮಠದ ಶಿರಹಟ್ಟಿ ನಮ್ಮ ತಾಲ್ಲೂಕು. ಅಷ್ಟಿದ್ದೂ ಮುಕ್ಕಾಲು ಗಂಟೆಯಲ್ಲಿ ನಮಗೆ ಬಾರದ ಆ ನೋಟ, ಒಂದಿಷ್ಟು ತರಬೇತಿ ಪಡೆದ ಹುಡುಗನಿಗೆ ಅರ್ಧ ನಿಮಿಷದಲ್ಲಿ ಬಂತು. ಅವನ ಮನಸ್ಸು ನಮ್ಮದಕ್ಕಿಂತ ದೊಡ್ಡದಿತ್ತು ಅಂತಲ್ಲ. ಎಲ್ಲಿ ನೋಡಬೇಕು ಅಂತ ಅವನಿಗೆ ಯಾರೋ ಕಲಿಸಿದ್ದರು.

ಕಾನೂನು ತನ್ನ ಕೈಲಾದದ್ದು ಮಾಡಿದೆ. ಗಾಯಾಳುವಿಗೆ ಮೊದಲು ಚಿಕಿತ್ಸೆ, ಪೊಲೀಸ್ ಕಾಗದ ಆಮೇಲೆ ಅಂತ ಸುಪ್ರೀಂ ಕೋರ್ಟ್ 1989ರಲ್ಲೇ ಹೇಳಿತು. 2016ರಲ್ಲಿ, ಅಪಘಾತದಲ್ಲಿ ನೆರವಾದವರನ್ನ ಪೊಲೀಸರು, ಆಸ್ಪತ್ರೆಯವರು ಸತಾಯಿಸಬಾರದು ಅನ್ನುವ ಮಾರ್ಗಸೂಚಿಗೆ ಅದೇ ಕೋರ್ಟು ಬಲ ಕೊಟ್ಟಿತು. ಅದೇ ವರ್ಷ ಫೆಬ್ರುವರಿಯಲ್ಲಿ ನೆಲಮಂಗಲದ ಹತ್ತಿರ ಲಾರಿಗೆ ಸಿಕ್ಕು ದೇಹ ಎರಡಾದರೂ ಕಣ್ಣು ದಾನ ಮಾಡಿ ಅಂದ ಯುವಕನ ಹೆಸರಿನಲ್ಲಿ ರಾಜ್ಯ ಸರ್ಕಾರ ಹರೀಶ್ ಸಾಂತ್ವನ ಯೋಜನೆ ತಂದಿತು, ಮೊದಲ 48 ಗಂಟೆಯ ಚಿಕಿತ್ಸೆಗೆ 25,000 ರೂಪಾಯಿವರೆಗೆ. ಸಹಾಯ ಮಾಡಿದರೆ ಕೋರ್ಟು ಕಚೇರಿ ಅಲೆಯಬೇಕು ಅನ್ನುವ ನೆಪ ಈಗ ಬಹಳ ಮಟ್ಟಿಗೆ ಹೋಗಿದೆ. ಆದರೆ ಕಾನೂನು ಕೇಳೋದು ಸದುದ್ದೇಶ ಇತ್ತಾ ಅಂತ ಮಾತ್ರ. ಕಲಿತಿದ್ದೆಯಾ ಅಂತ ಅದು ಕೇಳೋದಿಲ್ಲ. ಅದನ್ನ ನಾವೇ ಕೇಳಿಕೊಳ್ಳಬೇಕು.

ಕಲಿತ ಮೇಲೆ ನೆಮ್ಮದಿ ಬಂತಾ ಅಂದರೆ ಇಲ್ಲ. ಮೊದಲು ಗೊತ್ತಿಲ್ಲದ್ದು ಎಷ್ಟು ಅಂತ ಗೊತ್ತಿರಲಿಲ್ಲ, ಈಗ ಅದು ಗೊತ್ತಾಗಿದೆ. ಎರಡು ದಿನದಲ್ಲಿ ಯಾರೂ ಡಾಕ್ಟರಾಗಲ್ಲ, ಅರ್ಧ ಕಲಿತವನ ಧೈರ್ಯವೂ ಅಪಾಯವೇ. ನಾನು ಕಲಿತದ್ದರಲ್ಲಿ ನಿಜವಾಗಿ ಉಳಿದದ್ದು ಎರಡು ಅಭ್ಯಾಸ. ಒಂದು, ಗದ್ದಲ ಇರುವ ಕಡೆ ಓಡುವ ಮುಂಚೆ ಒಂದು ಸುತ್ತು ನೋಡೋದು. ಇನ್ನೊಂದು, ಆರಾಮ ಇದ್ದೀನಿ ಅಂದವರನ್ನ ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕೇಳೋದು.

ಎರಡನೆಯದು ರಸ್ತೆಗಿಂತ ಹೆಚ್ಚಾಗಿ ಮನೆಯಲ್ಲಿ ಕೆಲಸಕ್ಕೆ ಬಂತು. ಪ್ರತಿ ಭಾನುವಾರ ಫೋನಿನಲ್ಲಿ ಅವ್ವ “ನಂಗೇನಾಗೇತಿ, ಆರಾಮ ಅದೀನಿ” ಅನ್ನುತ್ತಾಳೆ. ಅಪ್ಪನಿಗೆ ನೆಗಡಿಯಾದರೆ ಊರಿಗೆಲ್ಲ ಗೊತ್ತಾಗುತ್ತೆ. ಇಪ್ಪತ್ತು ವರ್ಷದಿಂದ ನಾನು ಅವಳ ಕೈಗೆ ಹಸಿರು ಚೀಟಿ ಕೊಟ್ಟು ಫೋನ್ ಇಡುತ್ತಿದ್ದೆ. ಹೋದ ವರ್ಷ ಒಂದು ಭಾನುವಾರ ಅದೇ ಉತ್ತರ ಬಂದ ಮೇಲೆ ಬೇರೆ ಥರ ಕೇಳಿದೆ. “ಕೊಡ ಹೊತ್ತಕೊಂಡು ಬಂದ್ರ ದಮ್ಮು ಬರ್ತೈತೇನು?” ಸ್ವಲ್ಪ ಹೊತ್ತು ಸುಮ್ಮನಿದ್ದಳು. “ಹೂಂ, ಎರಡು ತಿಂಗಳಾತು. ವಯಸ್ಸಾತಲ್ಲಪಾ.” ಬೆವರು ಬರುತ್ತಾ, ದವಡೆ ನೋಯುತ್ತಾ ಅಂತ ಕೇಳಿದೆ. ಹೆಂಗಸರಲ್ಲಿ ಹೃದಯದ ತೊಂದರೆ ಎಷ್ಟೋ ಸಲ ಎದೆನೋವಾಗಿ ಬರೋದಿಲ್ಲ, ದಮ್ಮು, ಸುಸ್ತು, ದವಡೆ ನೋವಾಗಿ ಬರುತ್ತೆ ಅಂತ ತರಗತಿಯಲ್ಲಿ ಹೇಳಿದ್ದರು. ಮರುದಿನವೇ ಅಪ್ಪ ಅವಳನ್ನ ತಾಲ್ಲೂಕು ಆಸ್ಪತ್ರೆಗೆ ಕರೆದೊಯ್ದು ಇಸಿಜಿ ಮಾಡಿಸಿದರು. ಈಗ ಗುಳಿಗೆ ತಗೊಳ್ಳುತ್ತಿದ್ದಾಳೆ, ನೀರು ಅಪ್ಪ ತರುತ್ತಾರೆ.

ನಿಮ್ಮ ಆಫೀಸಿನಲ್ಲೂ ಪ್ರಥಮ ಚಿಕಿತ್ಸೆ ತರಬೇತಿ ಅಂತ ಒಂದು ಮೇಲ್ ಬಂದಿರುತ್ತೆ. ಕ್ಯಾಲೆಂಡರಿನಲ್ಲಿ ಅದನ್ನ ಡಿಕ್ಲೈನ್ ಮಾಡಿರುತ್ತೀರಿ, ನಾನೂ ಮೂರು ವರ್ಷ ಮಾಡಿದ್ದೆ. ಮುಂದಿನ ಸಲ ಹೋಗಿ ಬನ್ನಿ ಅಂತ ಮಾತ್ರ ಹೇಳಬಲ್ಲೆ.

ಇನ್ನೊಂದು ಮಾತು ಹೇಳದೆ ಮುಗಿಸೋಕೆ ಆಗ್ತಿಲ್ಲ. ತರಬೇತಿಯ ಎರಡನೇ ದಿನ ರೋಗಿಯ ಜೊತೆ ಮಾತು ಶುರು ಮಾಡೋದು ಹೇಗೆ ಅಂತ ಕಲಿಸಿದರು. ನಿಮ್ಮ ಹೆಸರು ಹೇಳಿ, ಅವರ ಹೆಸರು ಕೇಳಿ ಅಂದರು. ಅದು ಮರ್ಯಾದೆಯೂ ಹೌದು, ಪರೀಕ್ಷೆಯೂ ಹೌದು. ಹೆಸರು ಹೇಳಿದರೆ ಉಸಿರಿನ ದಾರಿ ತೆರೆದಿದೆ, ಉಸಿರಿದೆ, ಪ್ರಜ್ಞೆ ಇದೆ ಅಂತ ಒಂದೇ ಏಟಿಗೆ ಗೊತ್ತಾಗುತ್ತೆ. ಹೇಳೋಕೆ ತಡವರಿಸಿದರೆ ಅದೂ ಗೊತ್ತಾಗುತ್ತೆ.

ಮುಕ್ಕಾಲು ಗಂಟೆ ನಾನು ಆ ಮನುಷ್ಯನಿಂದ ಹತ್ತು ಹೆಜ್ಜೆ ದೂರದಲ್ಲಿ ಕೂತಿದ್ದೆ. ಒಂದು ಸಲ ನೀರು ಕೊಟ್ಟಿದ್ದೆ. ಹೆಸರು ಕೇಳಿರಲಿಲ್ಲ.